ಧೈರ್ಯದ ನಾಟಕ ಬೇಡ, ಮಗಳೇ

ಸ್ತನ ಕ್ಯಾನ್ಸರಿಗೆ ಕರೆಂಟ್ ಕೊಡಿಸಿಕೊಳ್ಳುವುದು ಮುಗಿದ ದಿನ ಮನೆಯವರೆಲ್ಲ ಖುಷಿಯಾಗಿರುತ್ತಾರೆ. ಯಜಮಾನರು ಮೈಸೂರುಪಾಕಿನ ಡಬ್ಬಿ ತಂದು ರೇಡಿಯೇಷನ್ ವಿಭಾಗದ ಹುಡುಗರಿಗೆಲ್ಲ ಹಂಚುತ್ತಾರೆ. ಅತ್ತೆ ದೇವರ ಮುಂದೆ ತುಪ್ಪದ ದೀಪ ಹಚ್ಚುತ್ತಾರೆ. ನಿನಗೆ ಮಾತ್ರ, ಹೊಸಿಲು ದಾಟಿ ಚಪ್ಪಲಿ ಬಿಡುವಾಗಲೇ, ಎಲ್ಲಿಂದಲೋ ಅಳು ಒತ್ತರಿಸಿಕೊಂಡು ಬರುತ್ತದೆ. ಇಷ್ಟು ತಿಂಗಳು ಕಣ್ಣಲ್ಲಿ ಒಂದು ಹನಿ ಹಾಕದವಳು ಎಲ್ಲ ಮುಗಿದ ಮೇಲೆ ಯಾಕೆ ಅಳುತ್ತಾಳೆ ಅಂತ ಅವರಿಗೂ ಅರ್ಥವಾಗುವುದಿಲ್ಲ, ನಿನಗೂ ಅರ್ಥವಾಗುವುದಿಲ್ಲ.

ನಾನು ಸರ್ಜರಿ ವಾರ್ಡಿನಲ್ಲಿ ನರ್ಸಾಗಿದ್ದು ನಿವೃತ್ತಳಾದವಳು. ಸ್ತನದ ಆಪರೇಷನ್ ಆದ ಹೆಂಗಸರ ಡ್ರೆಸ್ಸಿಂಗ್ ಬಿಚ್ಚಿ ಕಟ್ಟಿದ್ದಕ್ಕೆ ಲೆಕ್ಕ ಇಟ್ಟಿಲ್ಲ. ಆಸ್ಪತ್ರೆಯಲ್ಲಿದ್ದಷ್ಟು ದಿನ ಗಟ್ಟಿಯಾಗಿದ್ದವರೇ ಮನೆಗೆ ಹೋದ ಮೇಲೆ ಕುಸಿಯುವುದನ್ನು ಬೇಕಾದಷ್ಟು ಕಂಡಿದ್ದೇನೆ. ಚಿಕಿತ್ಸೆ ನಡೆಯುವಾಗ ಯೋಚನೆ ಮಾಡಲು ಪುರುಸೊತ್ತೆಲ್ಲಿ? ಮೂರು ವಾರಕ್ಕೊಮ್ಮೆ ಕೀಮೋ, ಅದಕ್ಕೆ ಮುಂಚೆ ರಕ್ತಪರೀಕ್ಷೆ, ಬಿಳಿ ರಕ್ತಕಣ ಏರಿತೋ ಇಲ್ಲವೋ ಅನ್ನುವ ಆತಂಕ, ವಾಂತಿ, ಬಾಯಿಹುಣ್ಣು, ಮತ್ತೆ ಮುಂದಿನ ಕೀಮೋ. ಸುತ್ತ ಜನ, ಫೋನು, ಹಾರೈಕೆ. ಆಮೇಲೆ ಒಂದು ದಿನ ಎಲ್ಲ ನಿಂತುಹೋಗುತ್ತದೆ. ಮದುವೆ ಮುಗಿದು ನೆಂಟರೆಲ್ಲ ಬಸ್ಸು ಹತ್ತಿದ ಮೇಲಿನ ಮನೆಯ ಹಾಗೆ, ಕೆಲಸ ರಾಶಿ ಬಿದ್ದಿರುತ್ತದೆ, ಕೈಗೆ ಬರುವವರು ಯಾರೂ ಇರುವುದಿಲ್ಲ. ಅಳು ಬರುವುದು ಆಗಲೇ. ಅದು ಬರಬೇಕಾದ ಹೊತ್ತಿಗೇ ಬಂದಿದೆ ಅಂದುಕೋ.

ಇದು ನನ್ನೊಬ್ಬಳ ಅನುಭವದ ಮಾತಲ್ಲ. ಲಂಡನ್ನಿನಲ್ಲಿ ಆರಂಭದ ಹಂತದ ಸ್ತನ ಕ್ಯಾನ್ಸರಿನ 222 ಹೆಂಗಸರನ್ನು ಐದು ವರ್ಷ ಹಿಂಬಾಲಿಸಿ ನೋಡಿದರು. 2005ರಲ್ಲಿ ಅದರ ವರದಿ ಬಂತು. ಕಾಯಿಲೆ ಗೊತ್ತಾದ ಮೊದಲ ವರ್ಷ ಸುಮಾರು ಅರ್ಧದಷ್ಟು ಜನರಿಗೆ ಖಿನ್ನತೆಯೋ ವಿಪರೀತ ಆತಂಕವೋ ಇತ್ತು. ಎರಡು, ಮೂರು, ನಾಲ್ಕನೇ ವರ್ಷಗಳಲ್ಲಿ ನಾಲ್ವರಲ್ಲಿ ಒಬ್ಬರಿಗೆ. ಐದನೇ ವರ್ಷ ನೂರಕ್ಕೆ ಹದಿನೈದು ಮಂದಿಗೆ. ಅಂದರೆ ಇಳಿಯುತ್ತದೆ, ಆದರೆ ನಿಧಾನವಾಗಿ. ಹೆಚ್ಚು ನರಳಿದವರು ಯಾರು ಅಂತಲೂ ಆ ಅಧ್ಯಯನ ನೋಡಿತ್ತು. ವಯಸ್ಸಿನಲ್ಲಿ ಚಿಕ್ಕವರು, ಮತ್ತೆ, ಮನಸ್ಸು ಬಿಚ್ಚಿ ಹೇಳಿಕೊಳ್ಳುವುದಕ್ಕೆ ಹತ್ತಿರದ ಒಂದು ಜೀವ ಇಲ್ಲದವರು. ಗಡ್ಡೆಯ ಗಾತ್ರಕ್ಕಿಂತ, ಯಾವ ಆಪರೇಷನ್ ಆಯಿತು ಅನ್ನುವುದಕ್ಕಿಂತ ಇದೇ ಮುಖ್ಯವಾಗಿತ್ತು. ನಮ್ಮ ದೇಶದಲ್ಲಂತೂ ಈ ಕಾಯಿಲೆ ಪಶ್ಚಿಮದವರಿಗಿಂತ ಸುಮಾರು ಹತ್ತು ವರ್ಷ ಮೊದಲೇ ಬರುತ್ತದೆ. ನಲವತ್ತರ ಆಸುಪಾಸು, ಮಕ್ಕಳು ಇನ್ನೂ ಶಾಲೆಯಲ್ಲಿ, ಮನೆ ಸಾಲದ ಕಂತು ನಡೆಯುತ್ತಿರುವ ಹೊತ್ತು. ಬಿಚ್ಚಿ ಹೇಳಿಕೊಳ್ಳುವ ಅಭ್ಯಾಸ ಎಷ್ಟು ಮನೆಗಳಲ್ಲಿದೆ, ಹೇಳು?

ನಮ್ಮಲ್ಲಿ ಇರುವುದು ಧೈರ್ಯ ಹೇಳುವ ಅಭ್ಯಾಸ. ‘ಧೈರ್ಯವಾಗಿರು’, ‘ನೀನು ಕುಗ್ಗಿದರೆ ಕಾಯಿಲೆ ತಿರುಗಿ ಬರುತ್ತೆ’, ‘ನಗುನಗುತ್ತಾ ಇದ್ದರೆ ಅರ್ಧ ಕಾಯಿಲೆ ವಾಸಿ’. ಹೇಳುವವರು ಒಳ್ಳೆಯ ಮನಸ್ಸಿನಿಂದಲೇ ಹೇಳುತ್ತಾರೆ. ಕೇಳುವವಳಿಗೆ ಆಗುವುದೇ ಬೇರೆ. ಅಳು ಬಂದ ರಾತ್ರಿಯೆಲ್ಲ, ಅಯ್ಯೋ ನಾನು ಅಳುತ್ತಿದ್ದೇನಲ್ಲ, ಇದರಿಂದಲೇ ಮತ್ತೆ ಬಂದುಬಿಟ್ಟರೆ ಅನ್ನುವ ಇನ್ನೊಂದು ಭಯ ಸೇರಿಕೊಳ್ಳುತ್ತದೆ. ಮೊದಲೇ ಒಂದು ಭಾರ, ಅದರ ಮೇಲೆ ನಗಬೇಕಾದ ಭಾರ.

ನ್ಯೂಯಾರ್ಕಿನ ಮೆಮೋರಿಯಲ್ ಸ್ಲೋನ್ ಕೆಟರಿಂಗ್ ಆಸ್ಪತ್ರೆಯಲ್ಲಿ ಜಿಮ್ಮಿ ಹಾಲೆಂಡ್ ಅನ್ನುವ ಮನೋವೈದ್ಯೆ ಇದ್ದರು. ಕ್ಯಾನ್ಸರ್ ರೋಗಿಗಳ ಮನಸ್ಸನ್ನು ನೋಡಿಕೊಳ್ಳುವುದನ್ನೇ ವೈದ್ಯಶಾಸ್ತ್ರದ ಒಂದು ವಿಭಾಗವಾಗಿ ಬೆಳೆಸಿದವರಲ್ಲಿ ಮೊದಲ ಸಾಲಿನವರು. ಸದಾ ಉಲ್ಲಾಸವಾಗಿರಬೇಕು ಅನ್ನುವ ಒತ್ತಾಯವನ್ನು ಅವರು ದಬ್ಬಾಳಿಕೆ ಅಂತಲೇ ಕರೆದರು. ನನಗೆ ಆ ಮಾತು ಬಹಳ ಹಿಡಿಸಿತು. ವಾರ್ಡಿನಲ್ಲಿ ರೌಂಡ್ಸ್ ಮುಗಿದು, ನೋಡಲು ಬಂದವರೂ ಹೊರಟಮೇಲೆ ಗೋಡೆ ಕಡೆ ತಿರುಗಿ ಮಲಗುತ್ತಿದ್ದವರೆಲ್ಲ ಹಗಲು ಆ ದಬ್ಬಾಳಿಕೆಗೆ ತಲೆಬಾಗಿದವರೇ.

ವಿಜ್ಞಾನ ಏನು ಹೇಳುತ್ತದೆ ಅಂತ ಕೇಳಿಬಿಡು. 1989ರಲ್ಲಿ ಅಮೆರಿಕದ ಸ್ಟ್ಯಾನ್‌ಫರ್ಡಿನ ಡೇವಿಡ್ ಸ್ಪೀಗಲ್ ಒಂದು ಅಧ್ಯಯನ ಪ್ರಕಟಿಸಿದರು. ಸ್ತನ ಕ್ಯಾನ್ಸರ್ ದೇಹದ ಬೇರೆ ಕಡೆಗೂ ಹರಡಿದ್ದ ಹೆಂಗಸರು ಅದರಲ್ಲಿದ್ದರು. ಅವರಲ್ಲಿ ವಾರಕ್ಕೊಮ್ಮೆ ಗುಂಪಾಗಿ ಕೂತು ಮಾತನಾಡಿದವರು ಉಳಿದವರಿಗಿಂತ ಸುಮಾರು ಎರಡು ಪಟ್ಟು ಕಾಲ ಬದುಕಿದ್ದರು. ಜಗತ್ತೆಲ್ಲ ಹಿಗ್ಗಿತು; ಮನಸ್ಸು ಗೆದ್ದರೆ ರೋಗ ಗೆದ್ದಂತೆ ಅಂತ ಪುಸ್ತಕಗಳು ಬಂದವು. ಆದರೆ ಕೆನಡಾದವರು 235 ಹೆಂಗಸರನ್ನು ಇಟ್ಟುಕೊಂಡು ಅದನ್ನೇ ಮತ್ತೆ ಮಾಡಿ ನೋಡಿ, 2001ರಲ್ಲಿ ಫಲಿತಾಂಶ ಹೇಳಿದರು. ಆಯುಷ್ಯದಲ್ಲಿ ವ್ಯತ್ಯಾಸ ಕಾಣಲಿಲ್ಲ. ಗುಂಪಿನಲ್ಲಿ ಕೂತವರ ಸಂಕಟ ಮಾತ್ರ ಕಡಿಮೆಯಾಗಿತ್ತು, ನೋವು ಕೂಡ ಕಡಿಮೆಯಾಗಿತ್ತು.

ಕೆಲವರಿಗೆ ಇದು ನಿರಾಸೆಯ ಸುದ್ದಿ. ನನಗೆ ಇದಕ್ಕಿಂತ ದೊಡ್ಡ ಸಮಾಧಾನದ ಸುದ್ದಿ ಇನ್ನೊಂದಿಲ್ಲ. ನೀನು ಅತ್ತಿದ್ದರಿಂದ ಯಾವ ಗಂಟೂ ಬೆಳೆಯುವುದಿಲ್ಲ. ನಗಲಾರದ ದಿನ ನೀನು ಯಾವ ಪರೀಕ್ಷೆಯಲ್ಲೂ ಫೇಲಾಗಿಲ್ಲ. ಮನಸ್ಸನ್ನು ನೋಡಿಕೊಳ್ಳಬೇಕು, ನಿಜ. ಅದು ಆಯುಷ್ಯದ ಆಸೆಗಲ್ಲ, ಇರುವ ದಿನ ಸಂಕಟ ಕಡಿಮೆಯಾಗಲಿ ಅಂತ. ಆದ್ದರಿಂದ ‘ಚೆನ್ನಾಗಿದ್ದೀನಿ’ ಅಂತ ಎಲ್ಲರಿಗೂ ಹೇಳುವುದು ಬೇಡ. ಬೀದಿಯವರಿಗೆ ಹೇಳು, ಪರವಾಗಿಲ್ಲ. ಒಬ್ಬರಿಗಾದರೂ ನಿಜ ಹೇಳು. ಅಕ್ಕನೋ, ಕಾಲೇಜಿನ ಗೆಳತಿಯೋ, ಪಕ್ಕದ ಬೆಡ್ಡಿನಲ್ಲಿದ್ದವಳೋ. ಕೇಳಿದ ತಕ್ಷಣ ‘ಏನೂ ಆಗಲ್ಲ ಬಿಡೇ’ ಅಂತ ಬಾಯಿ ಮುಚ್ಚಿಸದವರನ್ನು ಆರಿಸಿಕೋ. ಅಂಥವರು ಸಿಗುವುದು ಕಷ್ಟ, ಸಿಕ್ಕರೆ ಬಿಡಬೇಡ.

ಫ್ಯಾನಿ ಬರ್ನಿ ಅಂತ ಒಬ್ಬಳು ಇಂಗ್ಲಿಷ್ ಕಾದಂಬರಿಕಾರ್ತಿ ಇದ್ದಳು. 1811ರ ಸೆಪ್ಟೆಂಬರಿನಲ್ಲಿ ಪ್ಯಾರಿಸಿನ ತನ್ನ ಮನೆಯಲ್ಲೇ ಅವಳ ಸ್ತನ ತೆಗೆದರು. ಪ್ರಜ್ಞೆ ತಪ್ಪಿಸುವ ಔಷಧಿ ಆಗ ಇನ್ನೂ ಬಂದಿರಲಿಲ್ಲ, ಎಚ್ಚರವಿದ್ದಾಗಲೇ ಕೊಯ್ದರು. ಅದನ್ನೆಲ್ಲ ಅಕ್ಕನಿಗೆ ಕಾಗದ ಬರೆದು ಹೇಳಿಕೊಳ್ಳಲು ಅವಳಿಗೆ ತಿಂಗಳುಗಟ್ಟಲೆ ಹಿಡಿಯಿತು. ಬರೆದದ್ದನ್ನು ತಿರುಗಿ ಓದುವುದೂ ಅವಳಿಂದ ಆಗಲಿಲ್ಲ. ಮಾತೇ ಆಯುಧವಾಗಿದ್ದವಳಿಗೇ ಅಷ್ಟು ಕಾಲ ಬೇಕಾಯಿತು ಅಂದಮೇಲೆ ನಿನಗೆ ಮೂರು ತಿಂಗಳಲ್ಲಿ ಎಲ್ಲ ಮರೆಯಬೇಕು ಅಂತ ಗಡುವು ಹಾಕಿದವರು ಯಾರು? ಅಂದಹಾಗೆ, ಅವಳು ಆಮೇಲೆ 28 ವರ್ಷ ಬದುಕಿ 87ನೇ ವಯಸ್ಸಿನಲ್ಲಿ ತೀರಿಕೊಂಡಳು.

ಇನ್ನು ಮೈಯ ವಿಚಾರ. ನಾನು ಕೆಲಸಕ್ಕೆ ಸೇರಿದ ಕಾಲದಲ್ಲಿ ಗಂಟು ಎಷ್ಟೇ ಇರಲಿ, ಇಡೀ ಸ್ತನ ತೆಗೆಯುವುದೇ ಮಾಮೂಲು. ಅದಕ್ಕೂ ಹಿಂದೆ, ಅಮೆರಿಕದ ಹಾಲ್‌ಸ್ಟೆಡ್ 1880ರ ದಶಕದಿಂದ ಹಾಕಿಕೊಟ್ಟ ಪದ್ಧತಿಯಲ್ಲಿ, ಸ್ತನದ ಜೊತೆಗೆ ಎದೆಯ ಸ್ನಾಯು, ಕಂಕುಳಿನ ಗ್ರಂಥಿ ಎಲ್ಲ ಹೋಗುತ್ತಿತ್ತು. ಎದೆಗೂಡಿನ ಎಲುಬು ಎಣಿಸಬಹುದಾಗಿತ್ತು. ಬರ್ನಾರ್ಡ್ ಫಿಶರ್ ಅಮೆರಿಕದಲ್ಲಿ, ಉಂಬರ್ಟೊ ವೆರೊನೇಸಿ ಇಟಲಿಯಲ್ಲಿ ವರ್ಷಾನುಗಟ್ಟಲೆ ಪರೀಕ್ಷೆ ಮಾಡಿ, ಗಂಟನ್ನು ಮಾತ್ರ ತೆಗೆದು ರೇಡಿಯೇಷನ್ ಕೊಟ್ಟರೂ ಬದುಕುವವರ ಸಂಖ್ಯೆ ಅಷ್ಟೇ ಇರುತ್ತದೆ ಅಂತ ತೋರಿಸಿದರು. ಇಬ್ಬರ ಇಪ್ಪತ್ತು ವರ್ಷದ ಫಲಿತಾಂಶವೂ ಬಂದದ್ದು 2002ರಲ್ಲಿ. ಆದರೂ ಗಂಟು ದೊಡ್ಡದಿದ್ದರೆ, ಒಂದಕ್ಕಿಂತ ಹೆಚ್ಚು ಕಡೆ ಇದ್ದರೆ, ದಿನಾ ರೇಡಿಯೇಷನ್ನಿಗೆ ಓಡಾಡಲು ಆಗದ ಊರಾಗಿದ್ದರೆ ಈಗಲೂ ಪೂರ್ತಿ ತೆಗೆಯುತ್ತಾರೆ. ನಿನಗೆ ಆದದ್ದು ಯಾವುದೋ, ಅದನ್ನು ಇನ್ನೊಬ್ಬಳಿಗೆ ಆದದ್ದರ ಜೊತೆ ಇಟ್ಟು ಅಳೆಯಬೇಡ.

ಮೊದಲ ಸಲ ನೋಡಿಕೊಳ್ಳುವುದಿದೆಯಲ್ಲ, ಅದು ಕಷ್ಟ. ಡ್ರೆಸ್ಸಿಂಗ್ ಬಿಚ್ಚುವಾಗ ಬಹಳ ಜನ ಚಾವಣಿ ನೋಡುತ್ತ ಮಲಗಿರುತ್ತಾರೆ. ನಾನು ಯಾರನ್ನೂ ಬಲವಂತ ಮಾಡುತ್ತಿರಲಿಲ್ಲ. ‘ಇವತ್ತು ಬೇಡ ಅಂದ್ರೆ ಬೇಡ, ನಾಳೆ ನೋಡೋಣ’ ಅನ್ನುತ್ತಿದ್ದೆ. ಕೆಲವರು ಮೊದಲು ಬೆರಳಿನಿಂದ ಮುಟ್ಟಿ ನೋಡುತ್ತಿದ್ದರು, ಬಟ್ಟೆಯ ಮೇಲಿನಿಂದ. ಆಮೇಲೆ ಸ್ನಾನದ ಮನೆಯಲ್ಲಿ ಓರೆಗಣ್ಣಲ್ಲಿ. ನೋಡಿದವರೆಲ್ಲ ಹೆಚ್ಚುಕಡಿಮೆ ಒಂದೇ ಮಾತು ಹೇಳುತ್ತಿದ್ದರು: ಅಂದುಕೊಂಡಷ್ಟು ಭಯಂಕರವಾಗಿಲ್ಲ. ಅಡ್ಡಕ್ಕೆ ಒಂದು ಗೆರೆ, ಮೊದಮೊದಲು ಕೆಂಪು, ಬರಬರುತ್ತ ತೆಳು ಬಿಳಿ. ತೋಳಿನ ಒಳಭಾಗ ಜೋಮು ಹಿಡಿದಂತೆ ಮರಗಟ್ಟಿರುತ್ತದೆ. ಕಂಕುಳಿನ ಆಪರೇಷನ್ ಮಾಡುವಾಗ ಅಲ್ಲಿನ ನರಕ್ಕೆ ಪೆಟ್ಟಾಗುವುದರಿಂದ ಹಾಗಾಗುತ್ತದೆ. ಹೆದರಬೇಡ.

ಆಪರೇಷನ್ ಆದ ಕಡೆಯ ಕೈಯ ಬಗ್ಗೆ ಎರಡು ಮಾತು. ಗೋಡೆಗೆ ಮುಖ ಮಾಡಿ ನಿಂತು ಬೆರಳುಗಳನ್ನು ಮೇಲೆ ಮೇಲೆ ಹತ್ತಿಸುವ ವ್ಯಾಯಾಮ ಹೇಳಿಕೊಟ್ಟಿರುತ್ತಾರೆ. ಅದನ್ನು ಮನೆಗೆ ಬಂದ ಮೇಲೆ ಬಿಟ್ಟವರ ಭುಜ ಹಿಡಿದುಕೊಂಡುಬಿಡುತ್ತದೆ, ತಲೆ ಬಾಚಿಕೊಳ್ಳುವುದಕ್ಕೂ ಮಗಳನ್ನು ಕರೆಯಬೇಕಾಗುತ್ತದೆ. ಊದಿಕೊಳ್ಳುತ್ತದೆ, ಆ ಕೈಯಲ್ಲಿ ಏನನ್ನೂ ಎತ್ತಲೇಬೇಡ ಅಂತ ಹಿಂದೆ ನಾವೆಲ್ಲ ಹೇಳುತ್ತಿದ್ದೆವು, ಆಗಿನ ಪಾಠವೇ ಅದಾಗಿತ್ತು. 2009ರಲ್ಲಿ ಅಮೆರಿಕದ ಒಂದು ಅಧ್ಯಯನದಲ್ಲಿ ಹೇಳಿಸಿಕೊಂಡು, ನಿಧಾನವಾಗಿ ಏರಿಸುತ್ತ ಭಾರ ಎತ್ತಿದವರಿಗೆ ಕೈ ಊತ ಹೆಚ್ಚಾಗಲಿಲ್ಲ. ಈಗ ಫಿಸಿಯೋಥೆರಪಿಯವರನ್ನು ಕೇಳಿಕೊಂಡು ಸ್ವಲ್ಪಸ್ವಲ್ಪ ಕೆಲಸ ಶುರು ಮಾಡು. ಯಾವತ್ತಾದರೂ ಆ ಕೈಯ ಬಳೆ ಮಾತ್ರ ಬಿಗಿಯಾಗಿದೆ ಅನ್ನಿಸಿದರೆ, ಕೆಂಪಾಗಿ ಜ್ವರ ಬಂದರೆ, ಹಬ್ಬ ಮುಗಿಯಲಿ ಅಂತ ಕಾಯದೆ ಡಾಕ್ಟರ ಹತ್ತಿರ ಹೋಗು.

ರವಿಕೆಯ ಚಿಂತೆ ದೊಡ್ಡದು. ಇದರ ಬಗ್ಗೆ ಯಾವ ಡಾಕ್ಟರೂ ಮಾತಾಡುವುದಿಲ್ಲ. ಹೊರಗೆ ಹೊರಡುವಾಗ ಸೆರಗನ್ನು ಎಷ್ಟು ಸಲ ಎಳೆದುಕೊಳ್ಳುತ್ತೀಯ ಅಂತ ನನಗೆ ಗೊತ್ತು. ನುರಿತ ಟೈಲರಮ್ಮನಿಗೆ ಒಂದೇ ಸಲ ವಿಷಯ ಹೇಳಿಬಿಡು. ಹುಕ್ಕು ಮುಂದಕ್ಕೆ, ತೋಳು ಸ್ವಲ್ಪ ಸಡಿಲ, ಒಳಗಡೆ ಕೃತಕ ಸ್ತನ ಇಟ್ಟುಕೊಳ್ಳಲು ಒಂದು ಜೇಬು. ಸಿಲಿಕೋನಿನದು ಸಾವಿರಾರು ರೂಪಾಯಿ ಆಗುತ್ತದೆ. ಹತ್ತಿ ತುಂಬಿದ ಬಟ್ಟೆಯದ್ದೋ ನೂಲಿನಲ್ಲಿ ಹೆಣೆದದ್ದೋ ಇಟ್ಟುಕೊಂಡರೂ ಆದೀತು, ಆದರೆ ಹಗುರವಾಗಿರುವುದರಿಂದ ಮೇಲಕ್ಕೆ ಜಾರುತ್ತದೆ. ನಮ್ಮ ವಾರ್ಡಿನ ಆಯಾ ಒಬ್ಬಳು ಅದರ ತಳಕ್ಕೆ ಒಂದು ಹಿಡಿ ಸಾಸಿವೆ ಸೇರಿಸಿ ಹೊಲಿದುಕೊಡುತ್ತಿದ್ದಳು. ಕೂತಲ್ಲಿ ಕೂತಿರುತ್ತಿತ್ತು.

ಇಟ್ಟುಕೊಳ್ಳಲೇಬೇಕು ಅಂತೇನೂ ಇಲ್ಲ. ಆಡ್ರಿ ಲಾರ್ಡ್ ಅನ್ನುವ ಅಮೆರಿಕದ ಕಪ್ಪು ಕವಯಿತ್ರಿಗೆ 1978ರಲ್ಲಿ ಆಪರೇಷನ್ ಆಯಿತು. ಕೆಲವೇ ದಿನಗಳಲ್ಲಿ ಅವಳು ಏನೂ ಇಟ್ಟುಕೊಳ್ಳದೆ ಡಾಕ್ಟರ ಹತ್ತಿರ ಹೋದಾಗ ಅಲ್ಲಿನ ನರ್ಸು, ಹೀಗೆ ಬರಬೇಡಿ, ಇಲ್ಲಿ ಬರುವ ಬೇರೆಯವರ ಮನಸ್ಸಿಗೆ ಕಷ್ಟವಾಗುತ್ತದೆ ಅನ್ನುವ ಅರ್ಥದಲ್ಲಿ ಹೇಳಿದಳಂತೆ. ಅವಳು ಅದನ್ನು 1980ರಲ್ಲಿ ಪುಸ್ತಕದಲ್ಲೇ ಬರೆದಳು. ನಾನೂ ನರ್ಸೇ ಆದ್ದರಿಂದ ಅದನ್ನು ಓದಿದಾಗ ಮೈ ಉರಿಯಿತು. ನಿನ್ನ ಮೈ ಬೇರೆಯವರ ಸಮಾಧಾನಕ್ಕೆ ಇರುವುದಲ್ಲ. ಆಫೀಸಿಗೆ ಹೋಗುವಾಗ ಬೇಕು ಅನ್ನಿಸಿದರೆ ಇಟ್ಟುಕೋ, ಮನೆಯಲ್ಲಿ ಸೆಕೆಗೆ ತೆಗೆದಿಡು. ಕೂದಲಿಗೂ ಇದೇ ಮಾತು. ಕೀಮೋ ಮುಗಿದ ಕೆಲವು ತಿಂಗಳಲ್ಲಿ ಹೇಗೂ ಬರುತ್ತದೆ. ನೇರ ಕೂದಲಿದ್ದವರಿಗೆ ಗುಂಗುರಾಗಿ ಬಂದು ಮೊಮ್ಮಕ್ಕಳು ನಕ್ಕಿದ್ದನ್ನು ಕಂಡಿದ್ದೇನೆ.

ಗಂಡನ ವಿಚಾರಕ್ಕೆ ಬರುತ್ತೇನೆ, ಸಂಕೋಚ ಬೇಡ. ಆಪರೇಷನ್ ಆದ ಮೇಲೆ ಅವನು ಹಾಸಿಗೆಯಲ್ಲಿ ಅತ್ತ ಸರಿದು ಮಲಗುತ್ತಾನೆ. ಕೆಲವರು ಹಾಲಿನಲ್ಲೇ ಚಾಪೆ ಹಾಕುತ್ತಾರೆ. ನೀನು ಅಂದುಕೊಳ್ಳುತ್ತೀಯ, ಅಸಹ್ಯ ಪಟ್ಟುಕೊಂಡ ಅಂತ. ಒಮ್ಮೆ ಒಬ್ಬಾತನನ್ನು ಕಾರಿಡಾರಿನಲ್ಲಿ ನಿಲ್ಲಿಸಿ ಕೇಳಿದೆ, ‘ಯಾಕಪ್ಪಾ, ಹೆಂಡತಿ ಪಕ್ಕ ಕೂರೋದೇ ಇಲ್ವಲ್ಲ?’ ಬಸ್ ಡ್ರೈವರು, ದೊಡ್ಡ ಆಳು. ‘ಸಿಸ್ಟರೇ, ನಿದ್ದೇಲಿ ಕೈ ತಗುಲಿ ಹೊಲಿಗೆ ಬಿಟ್ಟುಕೊಂಡ್ರೆ ಏನ್ ಮಾಡ್ಲಿ?’ ಅಂದ. ಅವಳು ಅಲ್ಲಿ ಬೆಡ್ಡಿನ ಮೇಲೆ ಮುಖ ತಿರುಗಿಸಿಕೊಂಡು ಮಲಗಿದ್ದಳು, ಇವನು ಇಲ್ಲಿ ಹೀಗೆ ಹೆದರಿಕೊಂಡು ನಿಂತಿದ್ದ. ಆಮೇಲಿಂದ ನಾನು, ಹೆಂಡತಿ ಒಪ್ಪಿದರೆ, ಡ್ರೆಸ್ಸಿಂಗ್ ಬಿಚ್ಚುವಾಗ ಗಂಡನನ್ನು ಒಳಗೆ ಕರೆಯಲು ಶುರು ಮಾಡಿದೆ. ಇಬ್ಬರೂ ಒಟ್ಟಿಗೆ ನೋಡಿದ ಮನೆಗಳಲ್ಲಿ ಆಮೇಲಿನ ಮೌನ ಕಡಿಮೆ ಇರುತ್ತಿತ್ತು.

ಎಲ್ಲ ಗಂಡಂದಿರೂ ಆ ಡ್ರೈವರಿನ ಹಾಗೆ ಅಂತ ಸುಳ್ಳು ಹೇಳಲಾರೆ. ಬಿಟ್ಟುಹೋದವರಿದ್ದಾರೆ, ತವರಿಗೆ ಕಳಿಸಿ ಮರೆತವರಿದ್ದಾರೆ. ಆದರೆ ಅವನು ಯಾವ ಜಾತಿಯವನು ಅಂತ ತೀರ್ಮಾನ ಮಾಡುವ ಮುಂಚೆ ಒಂದು ಸಲ ಬಾಯಿಬಿಟ್ಟು ಕೇಳು. ಮಾತ್ರೆಗಳ ಪ್ರಭಾವವೂ ಇರುತ್ತದೆ. ಹಾರ್ಮೋನಿಗೆ ಸ್ಪಂದಿಸುವ ಕ್ಯಾನ್ಸರಾಗಿದ್ದರೆ ಟ್ಯಾಮೊಕ್ಸಿಫೆನ್ ಮಾತ್ರೆಯನ್ನು ಐದು ವರ್ಷ, ಕೆಲವರು ಹತ್ತು ವರ್ಷ ನುಂಗಬೇಕು. ಮೈ ಇದ್ದಕ್ಕಿದ್ದಂತೆ ಕಾದು ಬೆವರುತ್ತದೆ, ರಾತ್ರಿ ಎದ್ದು ಫ್ಯಾನು ಜೋರು ಮಾಡಿದರೆ ಪಕ್ಕದವನು ಕಂಬಳಿ ಎಳೆದುಕೊಳ್ಳುತ್ತಾನೆ. ಕೆಳಗೆ ಒಣಗಿ ಉರಿಯಾಗಬಹುದು. ಕೂಡುವುದು ಬೇಡ ಅನ್ನಿಸುವುದಕ್ಕೆ ಪ್ರೀತಿ ಬತ್ತಿದ್ದೇ ಕಾರಣವಾಗಬೇಕಿಲ್ಲ. ಹೆಣ್ಣು ಡಾಕ್ಟರಿಗೆ ಹೇಳು, ಹಾರ್ಮೋನ್ ಇಲ್ಲದ ಜೆಲ್ ಸಿಗುತ್ತದೆ. ಮುಟ್ಟು ನಿಂತಿದೆ ಅಂತ ಗರ್ಭ ನಿಲ್ಲುವುದಿಲ್ಲ ಅಂದುಕೊಳ್ಳಬೇಡ. ಈ ಮಾತ್ರೆ ನುಂಗುವಾಗ ಗರ್ಭಿಣಿಯಾಗಬಾರದು, ಕಾಪರ್ ಟಿಯಂಥ ಹಾರ್ಮೋನ್ ಇಲ್ಲದ ಉಪಾಯವನ್ನೇ ಕೇಳು. ಮಗು ಬೇಕು ಅನ್ನುವ ಆಸೆ ಇದ್ದರೆ ಅದನ್ನೂ ನುಂಗಿಕೊಳ್ಳಬೇಡ. ಒಂದೂವರೆ ವರ್ಷಕ್ಕಿಂತ ಹೆಚ್ಚು ಮಾತ್ರೆ ತೆಗೆದುಕೊಂಡ ಮೇಲೆ, ಡಾಕ್ಟರ ಕಣ್ಗಾವಲಿನಲ್ಲಿ ಸ್ವಲ್ಪ ಕಾಲ ನಿಲ್ಲಿಸಿ ಮಗು ಹೆತ್ತವರ ಬಗ್ಗೆ 2023ರಲ್ಲಿ ಅಧ್ಯಯನ ಬಂದಿದೆ, ಸದ್ಯಕ್ಕೆ ಕಂಡಂತೆ ಅವರಿಗೆ ಕಾಯಿಲೆ ಮರುಕಳಿಸುವುದು ಹೆಚ್ಚಾಗಿಲ್ಲ.

ಅಡುಗೆಮನೆಗೆ ಯಾವಾಗ ಕಾಲಿಡುತ್ತೀಯ ಅಂತ ಮನೆ ಕಾಯುತ್ತಿರುತ್ತದೆ. ಬಾಯಲ್ಲಿ ಯಾರೂ ಹೇಳುವುದಿಲ್ಲ. ಆದರೆ ನೀನು ಮೊದಲ ದಿನ ಸಾರಿಗೆ ಒಗ್ಗರಣೆ ಹಾಕಿದಾಗ ಎಲ್ಲರ ಮುಖ ಅರಳುವುದನ್ನು ನೋಡಿ, ಮಾರನೇ ದಿನದಿಂದ ಚಪಾತಿ, ಮೂರನೇ ದಿನದಿಂದ ಬಟ್ಟೆ ಒಗೆಯುವುದು ಅಂತ ಎಲ್ಲವನ್ನೂ ಮೇಲೆ ಹಾಕಿಕೊಳ್ಳುತ್ತೀಯ. ಯಾಕೆ ಅಂತ ನನಗೆ ಗೊತ್ತು. ನಿನಗಾಗಿ ಬಳೆ, ಸರ ಅಡ ಇಟ್ಟಿದ್ದಾರೆ. ಮೈದುನ ಪಿಎಫ್ ತೆಗೆದುಕೊಟ್ಟಿದ್ದಾನೆ. ಭಾರವಾಗಿಬಿಟ್ಟೆ ಅನ್ನುವ ಸಾಲವನ್ನು ಮೈ ಮುರಿದು ತೀರಿಸಲು ಹೊರಟಿದ್ದೀಯ. ಬೇಡ ಕಣೇ. ಕೀಮೋದ ಸುಸ್ತು ಬೇರೆ ಸುಸ್ತಿನಂತಲ್ಲ, ರಾತ್ರಿ ಮಲಗಿ ಎದ್ದರೆ ಹೋಗುವುದಿಲ್ಲ, ತಿಂಗಳುಗಟ್ಟಲೆ ಇರುತ್ತದೆ. ಒಲೆಯ ಮೇಲೆ ಹಾಲಿಟ್ಟು ಮರೆಯುತ್ತೀಯ, ಪರಿಚಯದವರ ಹೆಸರು ನಾಲಿಗೆ ತುದಿಗೆ ಬಂದು ನಿಲ್ಲುತ್ತದೆ. ಅದೂ ಚಿಕಿತ್ಸೆಯ ಪರಿಣಾಮವೇ, ಬುದ್ಧಿ ಕೆಟ್ಟಿಲ್ಲ. ಚೀಟಿಯಲ್ಲಿ ಬರೆದು ಫ್ರಿಜ್ಜಿಗೆ ಅಂಟಿಸು. ಆಫೀಸಿನಲ್ಲೂ ಇದನ್ನೇ ಮಾಡು. ಮೇಲಿನವರಿಗೆ ವಿಷಯ ಹೇಳಿ ಮೊದಲ ಕೆಲವು ತಿಂಗಳು ಕೆಲಸ ಕಡಿಮೆ ಮಾಡಿಸಿಕೋ.

ದುಡ್ಡಿನ ಮಾತು ಬಂತಲ್ಲ, ಬಿಪಿಎಲ್ ಕಾರ್ಡಿದ್ದರೆ ಆಯುಷ್ಮಾನ್ ಭಾರತ್–ಆರೋಗ್ಯ ಕರ್ನಾಟಕದಲ್ಲಿ ವರ್ಷಕ್ಕೆ ಕುಟುಂಬಕ್ಕೆ 5 ಲಕ್ಷದವರೆಗೆ ಚಿಕಿತ್ಸೆ ಸಿಗುತ್ತದೆ. ಚಿಕಿತ್ಸೆಗೆ ಓಡಾಡಲು ರೈಲಿನಲ್ಲಿ ರಿಯಾಯಿತಿಯೂ ಇದೆ. ಕೇಳಿದರೆ ಮಾನ ಹೋಗುತ್ತದೆ ಅಂತ ಸುಮ್ಮನಿರುವವರನ್ನು ಕಂಡರೆ ನನಗೆ ಸಿಟ್ಟು ಬರುತ್ತದೆ.

ನೋಡಲು ಬರುವ ಜನರ ಬಗ್ಗೆ ಬರೆಯುತ್ತ ಹೋದರೆ ಪತ್ರಿಕೆಯ ಪುಟ ಸಾಲದು. ಒಬ್ಬರು ಬದನೆಕಾಯಿ ನಂಜು ಅನ್ನುತ್ತಾರೆ, ಇನ್ನೊಬ್ಬರು ಮೊಟ್ಟೆ ನಂಜು. ಒಬ್ಬರು ಲಕ್ಷ್ಮಣಫಲ ತಂದಿರುತ್ತಾರೆ, ಮತ್ತೊಬ್ಬರ ಚೀಲದಲ್ಲಿ ಯಾವುದೋ ಮರದ ಚಕ್ಕೆ. ಬಾಡಿದ ಮೈಗೆ ಬೇಳೆ, ಮೊಟ್ಟೆ, ಮೊಸರು ಬೇಕಿರುವಾಗ ಪಥ್ಯದ ಹೆಸರಿನಲ್ಲಿ ಗಂಜಿಯಲ್ಲೇ ದಿನ ನೂಕಿಸುತ್ತಾರೆ. ಎಲ್ಲರಿಗೂ ‘ಆಗಲಿ’ ಅನ್ನು, ಡಾಕ್ಟರು ಹೇಳಿದ್ದನ್ನು ತಿನ್ನು. ಕೆಲವರು ಬಂದು ಕೂತು ಲೊಚಗುಟ್ಟುತ್ತಾರೆ. ಇದೇ ಕಾಯಿಲೆಯಲ್ಲಿ ಹೋದ ತಮ್ಮ ನಾದಿನಿಯ ಕತೆಯನ್ನು ಮೊದಲಿನಿಂದ ಕೊನೆತನಕ ಹೇಳುತ್ತಾರೆ. ಅಂಥವರಿಗೆ ಒಂದು ಸಿದ್ಧ ಉತ್ತರ ಇಟ್ಟುಕೋ: ‘ಆಪರೇಷನ್ ಆಯ್ತು, ಔಷಧಿ ನಡೀತಿದೆ. ಕಾಫಿ ತಗೊಳ್ತೀರಾ?’ ಅಷ್ಟು ಸಾಕು. ವಿವರ ಕೇಳುವ ಹಕ್ಕು ಎಲ್ಲರಿಗೂ ಇರುವುದಿಲ್ಲ.

ತಟ್ಟೆ ಲೋಟ ಬೇರೆ ಇಟ್ಟವರಿಗೆ ಮಾತ್ರ ಸುಮ್ಮನಿರಬೇಡ. ಇದು ಅಂಟುವ ಕಾಯಿಲೆ ಅಲ್ಲ. ಮೆಷಿನ್ನಿನ ಕೆಳಗೆ ಮಲಗಿಸಿ ಹೊರಗಿನಿಂದ ರೇಡಿಯೇಷನ್ ಕೊಟ್ಟ ಮೇಲೆ ಮೈಯಲ್ಲಿ ಏನೂ ಉಳಿದಿರುವುದಿಲ್ಲ, ಹಸುಗೂಸನ್ನು ಎತ್ತಿ ಮುದ್ದಾಡಬಹುದು. ಗೌರಿ ಬಾಗಿನಕ್ಕೆ, ಅರಿಶಿನ ಕುಂಕುಮಕ್ಕೆ ಕರೆಯುವಾಗ ನಿನ್ನ ಮನೆ ಬಿಟ್ಟು ಮುಂದಿನ ಮನೆಗೆ ಹೋದರು ಅಂತ ಗೊತ್ತಾದರೆ ನೋವಾಗುತ್ತದೆ, ಆಗಲಿ. ಆ ಸಂಜೆ ನೀನೇ ನಾಲ್ಕು ಜನರನ್ನು ಕರೆದು ಕುಂಕುಮ ಕೊಡು. ಇಂಥವನ್ನು ಮಾತಿನಲ್ಲಿ ಗೆಲ್ಲುವುದಕ್ಕಿಂತ ಮಾಡಿ ತೋರಿಸುವುದೇ ಸುಲಭ ಅಂತ ನನ್ನ ಅನುಭವ.

ಮಕ್ಕಳಿಗೆ ಹೇಳಬೇಕೋ ಬೇಡವೋ ಅಂತ ಎಲ್ಲರೂ ಕೇಳುತ್ತಾರೆ. ಹೇಳು. ಏನೋ ಸರಿಯಿಲ್ಲ ಅಂತ ಅವರಿಗೆ ಹೇಗೂ ಗೊತ್ತಾಗಿರುತ್ತದೆ. ಯಾಕೆ ಅಂತ ಗೊತ್ತಿರುವುದಿಲ್ಲ ಅಷ್ಟೇ. ಪುಟ್ಟ ಮಕ್ಕಳು, ತಾವು ಹಟ ಮಾಡಿದ್ದಕ್ಕೇ ಅಮ್ಮನಿಗೆ ಹೀಗಾಯಿತು ಅಂತ ಒಳಗೇ ಅಂದುಕೊಳ್ಳುವುದುಂಟು. ಅವರ ವಯಸ್ಸಿಗೆ ತಕ್ಕ ಮಾತಿನಲ್ಲಿ ಕಾಯಿಲೆಯ ಹೆಸರನ್ನೇ ಹೇಳು. ಮಗಳ ಮದುವೆಗೆ ಅಡ್ಡಿಯಾಗುತ್ತದೆ ಅಂತ ಮುಚ್ಚಿಡುವ ಮನೆಗಳು ನಮ್ಮಲ್ಲಿ ಬಹಳ. ಎಲ್ಲ ಸ್ತನ ಕ್ಯಾನ್ಸರೂ ವಂಶದಿಂದ ಬಂದದ್ದಲ್ಲ. ನೂರಕ್ಕೆ ಐದರಿಂದ ಹತ್ತು ಮಾತ್ರ ಹಾಗೆ ಬರುತ್ತದೆ. ಚಿಕ್ಕ ವಯಸ್ಸಿನಲ್ಲೇ ಬಂದಿದ್ದರೆ, ಅಮ್ಮನ ಕಡೆಯೋ ಅಪ್ಪನ ಕಡೆಯೋ ಇನ್ನಿಬ್ಬರಿಗೆ ಇದ್ದರೆ ಜೀನ್ ಪರೀಕ್ಷೆಯ ಬಗ್ಗೆ ಡಾಕ್ಟರನ್ನು ಕೇಳು. ಊರಿಗೆಲ್ಲ ಡಂಗುರ ಹೊಡೆಸಬೇಕಾಗಿಲ್ಲ. ಮಗಳಿಗೆ ಮಾತ್ರ ಗೊತ್ತಿರಲೇಬೇಕು. ನಾಳೆ ತನ್ನ ಮೈಯನ್ನು ತಾನೇ ಗಮನಿಸಿಕೊಳ್ಳಬೇಕಾದವಳು ಅವಳು.

ತಿರುಗಿ ಬರುತ್ತದೆಯೇನೋ ಅನ್ನುವ ಭಯ ಪೂರ್ತಿ ಹೋಗುತ್ತದೆ ಅಂತ ನಾನು ಭರವಸೆ ಕೊಡಲಾರೆ. ಚೆಕಪ್ಪಿನ ಹಿಂದಿನ ವಾರ ನಿದ್ದೆ ಬರುವುದಿಲ್ಲ, ಬೆನ್ನು ಹಿಡಿದರೂ ಅದೇ ಯೋಚನೆ. ಮನೆಯವರು ಪ್ರೀತಿಯಿಂದ ‘ಒಂದು ಪೆಟ್ ಸ್ಕ್ಯಾನ್ ಮಾಡಿಸಿಬಿಡೋಣ’ ಅನ್ನುತ್ತಾರೆ. ತೊಂದರೆ ಏನೂ ಇಲ್ಲದವರಿಗೆ ಆಗಾಗ ಸ್ಕ್ಯಾನು, ಎಕ್ಸ್‌ರೇ ಮಾಡಿಸುತ್ತಾ ಹೋದರೆ ಆಯುಷ್ಯ ಹೆಚ್ಚುವುದಿಲ್ಲ ಅಂತ ಇಟಲಿಯ ಎರಡು ಅಧ್ಯಯನಗಳು 1994ರಲ್ಲೇ ತೋರಿಸಿವೆ. ಡಾಕ್ಟರು ಕೈಯಿಂದ ಪರೀಕ್ಷೆ ಮಾಡುತ್ತಾರೆ, ವರ್ಷಕ್ಕೊಮ್ಮೆ ಮ್ಯಾಮೊಗ್ರಾಮ್ ಬರೆಯುತ್ತಾರೆ. ಅಷ್ಟನ್ನು ತಪ್ಪಿಸಬೇಡ. ಎರಡು ಮೂರು ವಾರವಾದರೂ ಹೋಗದ ನೋವು, ಹೊಸ ಗಂಟು, ಬಿಡದ ಕೆಮ್ಮು ಇದ್ದರೆ ಚೆಕಪ್ಪಿನ ತಾರೀಖಿಗೆ ಕಾಯಬೇಡ. ಇದನ್ನು ಕಾಗದದಲ್ಲಿ ಬರೆದಿಟ್ಟುಕೊಂಡವರಿಗೆ ಉಳಿದ ಸಣ್ಣಪುಟ್ಟ ನೋವಿನ ಹೆದರಿಕೆ ಸ್ವಲ್ಪ ತಗ್ಗುತ್ತದೆ.

ಊಟ ಸೇರದೆ, ನಿದ್ದೆ ಬಾರದೆ, ಮಕ್ಕಳ ಮುಖವೂ ಬೇಡವಾಗಿ ಎರಡು ವಾರ ಕಳೆದರೆ, ಬದುಕಿದ್ದು ಏನು ಪ್ರಯೋಜನ ಅನ್ನಿಸತೊಡಗಿದರೆ, ಅದು ಗೆಳತಿಯ ಕೈಯಲ್ಲಿ ಆಗುವ ಕೆಲಸವಲ್ಲ. ಮನೋವೈದ್ಯರ ಹತ್ತಿರ ಹೋಗು. ಬೆಂಗಳೂರಿನಲ್ಲಿ 1973ರಿಂದ ಇರುವ ಕಿದ್ವಾಯಿ ಕ್ಯಾನ್ಸರ್ ಆಸ್ಪತ್ರೆಯೂ ನಿಮ್ಹಾನ್ಸೂ ಅಕ್ಕಪಕ್ಕದಲ್ಲೇ ಇವೆ. ಮೊದಲನೆಯದರ ಗೇಟು ದಾಟಿದವರು ಎರಡನೆಯದಕ್ಕೆ ಹೋಗಲು ಯಾಕೆ ನಾಚಬೇಕು? ಊರು ದೂರವಾದರೆ 14416ಕ್ಕೆ ಫೋನ್ ಮಾಡು, ಅದು ಸರ್ಕಾರದ ಟೆಲಿ ಮಾನಸ್, ಕನ್ನಡದಲ್ಲೇ ಮಾತಾಡುತ್ತಾರೆ. ಡಾಕ್ಟರು ಮಾತ್ರೆ ಬರೆಯುವ ಮುಂಚೆ ನೀನು ಟ್ಯಾಮೊಕ್ಸಿಫೆನ್ ತೆಗೆದುಕೊಳ್ಳುತ್ತಿದ್ದೀಯ ಅಂತ ತಪ್ಪದೆ ಹೇಳು. ಪ್ಯಾರೊಕ್ಸೆಟಿನ್, ಫ್ಲುಒಕ್ಸೆಟಿನ್‌ನಂಥ ಕೆಲವು ಮಾತ್ರೆಗಳು ಅದರ ಕೆಲಸಕ್ಕೆ ಅಡ್ಡ ಬರುತ್ತವೆ. ಅಡ್ಡ ಬಾರದವೂ ಇವೆ, ಅವರು ಅದನ್ನೇ ಬರೆದುಕೊಡುತ್ತಾರೆ. ಎರಡೂ ಕಡೆಯ ಚೀಟಿಗಳನ್ನು ಒಂದೇ ಫೈಲಿನಲ್ಲಿ ಹಾಕಿಡು, ಕೇಳಿದಾಗ ಹುಡುಕುವಂತಾಗಬಾರದು.